ಬೇವಿನ ಮರದ ಕೆಳಗೆ ನಲವತ್ತು ನಿಮಿಷ

೭ ಮಾರ್ಚ್ ೧೯೮೩

ಇವತ್ತೂ ಈರುಳ್ಳಿ ಚೀಲವೇ. ಬೆನ್ನು ಉರಿಯುತ್ತಿದೆ. ಮಾರ್ಕೆಟ್ ಯಾರ್ಡ್‌ನಲ್ಲಿ ಹನ್ನೆರಡರ ಗಂಟೆ ಹೊಡೆದ ಕೂಡಲೇ ಒಬ್ಬ ಸರ್ದಾರ್ ಡ್ರೈವರನನ್ನು ನೋಡಿ ಮರಾಠಿಯಲ್ಲಿ ಕೂಗಿದೆ— "ಸರ್ದಾರ್‌ಜೀ, ಬಾರಾ ವಾಜಲೇ!" ಹಮಾಲರೆಲ್ಲ ನಕ್ಕರು. ಹನ್ನೆರಡಾದರೆ ಸರ್ದಾರರ ತಲೆ ಕೆಡುತ್ತದಂತೆ. ಹಳೇ ಜೋಕು. ಆದರೆ ನನ್ನಷ್ಟು ಜೋರಾಗಿ ಯಾರೂ ಕೂಗುವುದಿಲ್ಲ. ಜೊತೆಯ ಹಮಾಲ ಕಾಶಪ್ಪನಿಗೂ ಕಲಿಸಿದ್ದೇನೆ. ಟೊಮೆಟೊ ಲಾರಿಯ ಜಗೀರ್ ಸಿಂಗ್ ಮಾತ್ರ ಸಿಗುವುದೇ ಇಲ್ಲ. ಹತ್ತಕ್ಕೆ ಬರುತ್ತಾನೆ, ಇಲ್ಲವೆಂದರೆ ಒಂದಕ್ಕೆ.

೧೯ ಮಾರ್ಚ್

ಕ್ಲೀನರ್ ಆದೆ! ಜಗೀರ್ ಸಿಂಗರೇ ಕರೆದರು. ಬೀದರದಲ್ಲಿ ಬೆಳೆದವರು, ಕನ್ನಡ ಬರುತ್ತದೆ.

"ನಿನ್ನ ಗಂಟಲ ಭಾಳ ಜೋರ್ ಅದ ತಮ್ಮಾ. ಗಾಡಿ ಹಿಂದಕ್ಕ ತಗೋವಾಗ ಅಂಥಾ ಗಂಟಲ ಬೇಕು ನನಗ."

ಅಂದರೆ... ಕೇಳಿಸಿಕೊಂಡಿದ್ದಾರೆ. ಮುಖ ಎಲ್ಲಿಡಲಿ.

೨ ಏಪ್ರಿಲ್

ಎಂಥ ಡ್ರೈವರ್ ಜಗೀರ್ ಸಿಂಗ್! ಈಗ ಪಾಜಿ, ಅಂದರೆ ಅಣ್ಣ, ಅಂತಲೇ ಕರೆಯುತ್ತೇನೆ. ದಿವೆ ಘಾಟ್ ಇಳಿಯುವಾಗ ಒಂದು ಹಣ್ಣೂ ಅಲುಗುವುದಿಲ್ಲ. ಹಗ್ಗ ಬಿಗಿದರೆ ಬಿಗಿದಂತೆಯೇ. ಖಾಲಿ ರಸ್ತೆಯಲ್ಲಿ ನನ್ನ ಕೈಗೂ ಸ್ಟೇರಿಂಗ್ ಕೊಟ್ಟರು.

ಹನ್ನೊಂದೂ ಐವತ್ತಕ್ಕೆ ಯಾರ್ಡ್ ಗೇಟಿನ ಹೊರಗೆ, ಬೇವಿನ ಮರದ ಕೆಳಗೆ ಎಂಜಿನ್ ಆಫ್. ನಲವತ್ತು ನಿಮಿಷ. ಹಿಂದಿದ್ದ ಲಾರಿಗಳೆಲ್ಲ ನಮ್ಮ ನಂಬರ್ ದಾಟಿ ಒಳಗೆ ಹೋದವು.

"ಯಾಕ್ರಿ ಪಾಜಿ?"

"ಆ ಕೂಗಿಗೆ ಮೊದಲ್ನೇ ವರ್ಷ ಬಡದಾಡ್ದೆ. ಎರಡ್ನೇ ವರ್ಷ ಅವ್ರ ಜೋಡಿ ನಾನೂ ನಕ್ಕೆ. ಆಮ್ಯಾಲ ಇಲ್ಲೇ ನಿಂದರ್ತೀನಿ."

ಎಷ್ಟು ವರ್ಷ ಅಂತ ಕೇಳಲಿಲ್ಲ. ಅವರು ಕೊಟ್ಟ ರೊಟ್ಟಿಯನ್ನು ಮಡಚಿ ಜೇಬಿಗಿಟ್ಟೆ.

೨೬ ಏಪ್ರಿಲ್

ಘಾಟ್‌ನಲ್ಲಿ ಒಂದು ಲಾರಿ ಕೆಟ್ಟು ನಿಂತಿತ್ತು. ಯಾರ್ಡ್‌ನಲ್ಲಿ ಎಲ್ಲರಿಗಿಂತ ಹೆಚ್ಚು ನಗುವ ಡ್ರೈವರನದು. ಪಾಜಿ ಇಳಿದು ಹಗ್ಗ ಕಟ್ಟಿ ಅವನ ಲಾರಿಯನ್ನು ಎಳೆದುಕೊಂಡು ಬಂದರು. ಬೇವಿನ ಮರ ತಲುಪಿ ಅವನ ಹಗ್ಗ ಬಿಚ್ಚಿದಾಗ ಹನ್ನೆರಡಕ್ಕೆ ಐದು ನಿಮಿಷ ಬಾಕಿ. ಬಿಸಿಲಿಗೆ ಬುಟ್ಟಿಗಳಿಂದ ರಸ ಸೋರುತ್ತಿದೆ. ದಿನಾ ಒಂದೂವರೆಯವರೆಗೆ ನಡೆಯುವ ಲಿಲಾವು, ಅಂದರೆ ಹರಾಜು, ಇವತ್ತು ಹನ್ನೆರಡೂಕಾಲಿಗೇ ಮುಗಿಯುತ್ತದೆ. ಪಾಜಿ ಕೀಲಿಯ ಮೇಲೆ ಕೈ ಇಟ್ಟರು.

"ಆಫ್ ಮಾಡಬ್ಯಾಡ್ರಿ. ಒಳಗ ಹೋಗೂಣ್ರಿ."

"ಹನ್ನೆರಡಾಗ್ತದ."

"ಆಗ್ಲಿರಿ. ನಾ ಇಳದು ಮುಂದ ನಡೀತೀನಿ."

ಹೋದೆವು. ಲಾರಿ ಹಿಂದಕ್ಕೆ ತೆಗೆಯುವಾಗಲೇ ಹನ್ನೆರಡರ ಗಂಟೆ ಹೊಡೆಯತೊಡಗಿತು. ಕಾಶಪ್ಪ ಚೀಲ ಇಳಿಸಿ ನನ್ನನ್ನೇ ನೋಡಿದ. ಎಲ್ಲರೂ ನೋಡಿದರು, ನಗಲು ತಯಾರಾಗಿ. ಕನ್ನಡಿಯಲ್ಲಿ ಪಾಜಿಯ ಕಣ್ಣು.

ಲಾರಿಗೆ ಕೈ ಬಡಿದು, ಗಂಟಲು ಹರಿಯುವಂತೆ ಕೂಗಿದೆ— "ಬರ್ಲಿ ಪಾಜಿ, ಬರ್ಲಿ! ಹಿಂದಕ್ಕ ಬರ್ಲಿ!" ಗಂಟೆ ನನಗೇ ಕೇಳಿಸಲಿಲ್ಲ.

"ಯಾಕಲೇ ಅಂಬಾರಾಯ, ಇವತ್ತ ಕೂಗಾಂಗಿಲ್ಲೇನು?" ಅಂದ ಕಾಶಪ್ಪ.

"ಕೂಗಾಂಗಿಲ್ಲ. ಬಾ, ಬುಟ್ಟಿ ಹಿಡಿ."

ಹಿಂದೆ ಯಾರೋ ಕಿಸಕ್ಕನೆ ನಕ್ಕರು. ಇಳಿಯುತ್ತಿದ್ದ ಪಾಜಿಯ ಕೈ ಬಾಗಿಲ ಮೇಲೆ ತುಸು ನಿಂತಿತು. ಆಮೇಲೆ ಇಳಿದರು. ಮಾಲು ಲಿಲಾವಿಗೆ ಹೋಯಿತು. ಪಾಜಿ ಎಲ್ಲರೆದುರು, ಗಾಲಿಯ ಪಕ್ಕ ಕೂತು ಡಬ್ಬಿ ಬಿಚ್ಚಿದರು.

"ಹನ್ನೆರಡಾತು ತಮ್ಮಾ. ಉಣ್ಣೋ ಹೊತ್ತು."

ಕಾಶಪ್ಪ ಬಂದು ನಿಂತ. ಏನೋ ಅನ್ನಲು ಬಾಯಿ ತೆರೆದ. ಪಾಜಿ ಅವನ ಕೈಗೂ ಒಂದು ರೊಟ್ಟಿ ಇಟ್ಟರು.