ಕರಡಿಯ ಕಿವಿಯ ಹಿಂದೆ

ಜೂನ್ ೧೧, ಮಂಗಳವಾರ

ಕರಡಿ ಇನ್ನೂ ನಡುಗುತ್ತಿದೆ. ಹೆಸರಿಗಷ್ಟೇ ಕರಡಿ, ಒಮ್ಮೆಯೂ ಗುರ್ ಎನ್ನದ ನಾಯಿ. ಇವತ್ತು ಬಾಚಣಿಗೆ ಕಿವಿಯ ಹಿಂದೆ ಹೋದದ್ದೇ ನನಗೇ ಹಲ್ಲು ತೋರಿಸಿತು. ಕೂದಲು ಬಿಡಿಸಿ ನೋಡಿದೆ. ಒಳಕೂದಲು ಕಂಬಳಿಯಂತೆ ಗಂಟುಗಟ್ಟಿತ್ತು. ಅದರಡಿ ಭಾನುವಾರದ ಸ್ನಾನದ ತೇವ, ಅಂಗೈಯಗಲ ಕೆಂಪು ಹುಣ್ಣು.

“ಮೇಲೆ ಥಳುಕು, ಒಳಗೆ ಹುಳುಕು ಅನ್ನೋ ಹಾಗಾಯ್ತಲ್ರೀ,” ಎಂದಳು ಇವಳು.

ಆಸ್ಪತ್ರೆಗೆ ಒಯ್ದಾಗ ಪಶುವೈದ್ಯರು ಹುಣ್ಣಿನ ಸುತ್ತ ಕೂದಲು ಬೋಳಿಸಿ ಮುಲಾಮು ಹಚ್ಚಿದರು. “ಮೊದ್ಲು ಗಂಟು ಬಿಡಿಸಿ, ಆಮೇಲೆ ಸ್ನಾನ, ಯಜಮಾನ್ರೇ. ಬುಡದವರೆಗೂ ಒಣಗಿಸ್ಬೇಕು. ಬೆಳಗಾಗೋದ್ರೊಳಗೆ ಹರಡಿದ್ರೆ ತಕ್ಷಣ ಕರ್ಕೊಂಡ್ ಬನ್ನಿ.”

ಮತ್ತೆ ಮತ್ತೆ ಟಾರ್ಚ್ ಹಿಡಿದು ನೋಡುತ್ತಿದ್ದೇನೆ. ಒಮ್ಮೆ ಅಷ್ಟೇ ಇದೆ ಅನಿಸುತ್ತದೆ, ಇನ್ನೊಮ್ಮೆ ಬೆಳೆದಿದೆ ಅನಿಸುತ್ತದೆ. ಈಗ ಮುಟ್ಟಿದರೂ ಕರಡಿ ಸುಮ್ಮನಿದೆ. ಅದಕ್ಕೇ ಹೆಚ್ಚು ಹೆದರಿಕೆ. ಒಂದು ಸಲ ಗುರ್ ಅನ್ನೋ, ಮಗನೇ, ಒಂದೇ ಒಂದು ಸಲ.