ಗಾಳಿ ತಿಂಗಳ ಹದಿನಾಲ್ಕು

ಇಬ್ಬನಿ 22, ಮಧ್ಯಾಹ್ನ

ಮತ್ತೆ ಪ್ರೂಫ್. ಹೊಸ ವರ್ಷದ ಕ್ಯಾಲೆಂಡರ್. ಹತ್ತು ತಿಂಗಳು, ತಿಂಗಳಿಗೆ ಮೂವತ್ತಾರು ದಿನ, ಕತ್ತು ಹಿಡಿದುಹೋಗಿದೆ. ಅಂಕಿಗಳನ್ನು ಹಿಂದಿನಿಂದ ಓದುತ್ತೇನೆ — 36, 35, 34... ಮುಂದಿನಿಂದ ಓದಿದರೆ ಕಣ್ಣು ತಾನೇ ಅಂಕಿ ಹಾಕಿಕೊಂಡು ಓಡಿಬಿಡುತ್ತದೆ, ತಪ್ಪು ಸಿಗುವುದಿಲ್ಲ. ಹದಿನೇಳು ವರ್ಷದಿಂದ ಹೀಗೇ. ಒಂದು ತಪ್ಪೂ ಬಿಟ್ಟವಳಲ್ಲ. ಜಂಭ ಅನ್ನುವವರು ಅನ್ನಲಿ, ಇದನ್ನು ಓದುವವರಾದರೂ ಯಾರಿದ್ದಾರೆ?

ಹಾಳು ಬಿಡುದಿನಗಳ ಪುಟ ಬೇರೆ. ಇಬ್ಬರು ಚಂದ್ರರೂ ಒಟ್ಟಿಗೆ ತುಂಬುವ ತಿಂಗಳಲ್ಲಿ ನಾಲ್ಕು ದಿನ ಬಿಡಬೇಕು. ಆ ನಾಲ್ಕು ತಾರೀಕು ಆ ವರ್ಷ ಇರುವುದೇ ಇಲ್ಲ. ಕೋರ್ಟಿಲ್ಲ, ಕಾಗದವಿಲ್ಲ, ಆಡಿದ ಮಾತಿಗೆ ಬೆಲೆಯಿಲ್ಲ. ಯಾವ ನಾಲ್ಕು ಎಂದು ಗೊತ್ತುಮಾಡುವವಳು ನಮ್ಮ ಆಫೀಸಿನ ಮುಖ್ಯಸ್ಥೆ — ನನ್ನ ಅಕ್ಕ.

ಓದುತ್ತಿರುವಾಗಲೇ ಪುಟ್ಟಿ ಬಂದಳು! ಅಕ್ಕನೇ ಕಳಿಸಿದ್ದಂತೆ. ಯಾವತ್ತೂ ಇಲ್ಲದ್ದು. "ಚಿಕ್ಕಮ್ಮ, ನನ್ನ ಹಲ್ಲು ಬಿತ್ತು ನೋಡು." ತೊಡೆಯ ಮೇಲೆ ಕೂರಿಸಿಕೊಂಡೇ ಉಳಿದ ಪುಟ ಮುಗಿಸಿದೆ. ಅಕ್ಕನ ಕೈಬರಹಕ್ಕೂ ಅಚ್ಚಿಗೂ ತಾಳೆಯಾಯಿತು. ಸೀಲನ್ನು ಪುಟ್ಟಿಯ ಕೈಯಲ್ಲೇ ಹೊಡೆಸಿದೆ. ಎಷ್ಟು ನಕ್ಕಳು!

ಇಬ್ಬನಿ 31

ಬಡಗಿ ಮಂಚ ತಂದು ಹಾಕಿದ. ಚಿಕ್ಕದು, ಕಿಟಕಿಯ ಪಕ್ಕ. ಇನ್ನು ತೊಂಬತ್ತೊಂದು ದಿನ. ದಿನಾ ಎಣಿಸುತ್ತೇನೆ, ನಾಚಿಕೆಯಿಲ್ಲ.

ಪುಟ್ಟಿಗೆ ಒಂದು ವರ್ಷವಿದ್ದಾಗ ನನಗೆ ಎದೆಯ ಕಾಯಿಲೆ. ಅವಳಪ್ಪ ಆಗಲೇ ತೀರಿಹೋಗಿದ್ದರು. ಮಗು ಹತ್ತಿರ ಸುಳಿಯಕೂಡದು ಎಂದರು ಡಾಕ್ಟರಮ್ಮ. ಮಕ್ಕಳಿಲ್ಲದ ಅಕ್ಕ ಎತ್ತಿಕೊಂಡು ಹೋದಳು. ಸಾಕುವ ಕಾಗದ ಬರೆದೆವು: ಆರನೇ ವರ್ಷ, ಗಾಳಿ 14ರಂದು, ಹೆತ್ತವಳು ಬಾಗಿಲಿಗೆ ಬಂದು ಕೇಳಿದರೆ ಮಗು ಅವಳದು. ಅವತ್ತು ಕೇಳದಿದ್ದರೆ ಸಾಕಿದವಳದು, ಕೊನೆಯವರೆಗೂ.

ಬಿಡುದಿನದ ಭಯಕ್ಕೆ ಎಲ್ಲರೂ ಎರಡು ತಾರೀಕು ಬರೆಸುತ್ತಾರೆ. ನಾನೂ ಕೇಳಿದ್ದೆ. ಅಕ್ಕ ನಕ್ಕಿದ್ದಳು. "ಬಿಡುದಿನ ಇಡೋಳು ನಾನೇ ಅಲ್ವೇನೇ? ಒಂದೇ ಸಾಕು."

ಕಾಯಿಲೆ ಮೂರೇ ವರ್ಷದಲ್ಲಿ ವಾಸಿಯಾಯಿತು. ಕಾಗದ ಮಾತ್ರ ಬಿಡಲಿಲ್ಲ. ಇರಲಿ. ಇನ್ನೇನು, ಬಂದೇಬಿಟ್ಟಿತು.

ಚಿಗುರು 1, ಬೆಳಿಗ್ಗೆ

ಹೊಸ ಕ್ಯಾಲೆಂಡರ್ ಗೋಡೆಗೆ ಹಾಕಿದೆ. ಕೆಂಪು ಪೆನ್ಸಿಲ್ ಹಿಡಿದು ಗಾಳಿ ತಿಂಗಳ ಹಾಳೆ ಎತ್ತಿದೆ. ಹದಿನಾಲ್ಕಕ್ಕೊಂದು ಸುತ್ತು ಹಾಕೋಣ ಅಂತ.

11. ಬಿಡು. ಬಿಡು. ಬಿಡು. ಬಿಡು. 16.

ಹದಿನಾಲ್ಕು ಇಲ್ಲ.

ಚಿಗುರು 2

ಆಫೀಸಿಗೆ ಹೋದವಳೇ ಪ್ರೆಸ್ಸಿಗೆ ನುಗ್ಗಿದೆ. ಅಚ್ಚಿನ ಮೊಳೆ ಜೋಡಿಸುವವನನ್ನು ನಾವೆಲ್ಲ ಮೊಳೆಯಣ್ಣ ಅನ್ನುವುದು. ಮುಖ ಎತ್ತಲಿಲ್ಲ. "ಜೋಡಿಸೋವಾಗ ನಂಗೂ ಧಸಕ್ ಅಂತು. ಅಕ್ಕ-ತಂಗಿ ಮಾತಾಡ್ಕೊಂಡಿರ್ತೀರಿ ಅಂದ್ಕೊಂಡೆ ತಾಯಿ. ಸೀಲ್ ಬೇರೆ ನಿಮ್ದೇ ಇತ್ತು."

ಆಮೇಲೆ ಅಕ್ಕನ ರೂಮು. ಬಾಗಿಲು ಹಾಕಿದೆ.

"ಆಕಾಶ ತೋರಿಸ್ದಂಗೆ ಇಟ್ಟೆ ಕಣೇ."

"ಆಕಾಶ ಇಡೀ ತಿಂಗಳು ಕೊಟ್ಟಿತ್ತು. ಮೂವತ್ತಾರು ದಿನದಲ್ಲಿ ನಿಂಗೆ ಇವೇ ನಾಲ್ಕು ಸಿಕ್ತಾ?"

"ನೋಡಿ ಸೀಲ್ ಹೊಡ್ದೋಳು ನೀನೇ. ಅವತ್ತು ಬಾಯಿಗೆ ಬೀಗ ಹಾಕ್ಕೊಂಡಿದ್ಯಾ?"

ಅಕ್ಕ ಬಾಟಲಿಯ ಮುಚ್ಚಳ ಹಾಕಲಾಗದೆ ಇಂಕು ಚೆಲ್ಲಿಕೊಂಡಳು. "ಅವ್ಳಿಲ್ದೆ ನಾನು ಬದುಕಲ್ಲ ಕಣೇ."

"ಹಾಗಂತ ಬಾಯಿಬಿಟ್ಟು ಕೇಳ್ಬೇಕಿತ್ತು."

"ಕೇಳಿದ್ರೆ ಕೊಡ್ತಿದ್ಯಾ?"

ಕೊಡುತ್ತಿರಲಿಲ್ಲ. ಅದು ಅವಳಿಗೂ ಗೊತ್ತು.

ಮನೆಗೆ ಬಂದು ಇಬ್ಬನಿ 22 ಮತ್ತೆ ಓದಿದೆ. ಪ್ರೂಫಿನ ದಿನವೇ ಪುಟ್ಟಿಯನ್ನು ಕಳಿಸಿದ್ದು. ಮಗು ತೊಡೆಯ ಮೇಲಿದ್ದರೆ ಈ ಪೆದ್ದಿ ಯಾವ ತಿಂಗಳು, ಯಾವ ತಾರೀಕು ಅಂತ ಯೋಚಿಸುವುದಿಲ್ಲ, ಬರೀ ಅಂಕಿ ನೋಡುತ್ತಾಳೆ — ಅಷ್ಟು ಚೆನ್ನಾಗಿ ಬಲ್ಲಳು ನನ್ನನ್ನು. ಆ ಸೀಲು! ಮಗುವಿನ ಕೈಯಿಂದಲೇ ಹೊಡೆಸಿದೆನಲ್ಲ! ಥೂ ನನ್ನ ಜನ್ಮಕ್ಕೆ.

ಚಿಗುರು 9

ನೋಂದಣಿ ಆಫೀಸು. ಮೂರನೇ ಸಲ. ಗುಮಾಸ್ತರು ಒಳ್ಳೆಯವರು, ಕುರ್ಚಿ ಕೊಟ್ಟರು. "ಬಿಡುದಿನಕ್ಕೆ ಸಿಕ್ಕಿದ ಗಡುವು ಮುಗಿದ ಹಾಗೇನೇ ತಾಯಿ. ಪ್ರೂಫ್ ತಪ್ಪಾಗಿತ್ತು ಅಂತ ಬರ್ಕೊಡಿ, ಕ್ಯಾಲೆಂಡರ್ ವಾಪಸ್ ತರಿಸ್ತೀವಿ."

ಪ್ರೂಫ್ ತಪ್ಪಿರಲಿಲ್ಲ. ಅಕ್ಕ ಬರೆದದ್ದೇ ಅಚ್ಚಾಗಿದೆ. ಆದರೂ ಬರೆದುಕೊಟ್ಟೆ. ಸುಳ್ಳು. ಹದಿನೇಳು ವರ್ಷದ ಮರ್ಯಾದೆ ನೀರುಪಾಲಾದರೆ ಆಗಲಿ. ಅವರು ಕೈಬರಹದ ಪ್ರತಿ ತರಿಸಿ ಪಕ್ಕದಲ್ಲಿಟ್ಟು ನೋಡಿದರು. ನೋಡಿ, ನನ್ನ ಅರ್ಜಿಯನ್ನು ಮಡಚಿ ನನಗೇ ವಾಪಸ್ ಕೊಟ್ಟರು.

ಗಾಳಿ 11

ಎಷ್ಟು ದಿನವಾಯಿತು ಬರೆದು. ಬರೆಯಲು ಏನಿತ್ತು? ಕೆಲಸ ಬಿಟ್ಟೆ. ಮಂಚದ ಮೇಲೆ ಬಟ್ಟೆ ಒಣಗುತ್ತಿದೆ. ಅಕ್ಕ ಎರಡು ಸಲ ಊಟ ಕಳಿಸಿದಳು. ಎರಡು ಸಲವೂ ಪಾತ್ರೆ ಹಾಗೇ ಹಿಂದಕ್ಕೆ ಹೋಯಿತು.

ಬಿಡುದಿನ, ಮೂರನೆಯದು

ಇವತ್ತೇ ಹದಿನಾಲ್ಕು. ಯಾರು ಏನೇ ಹೆಸರಿಡಲಿ.

ಹೋದೆ. ಬೀದಿಯಲ್ಲಿ ಅಂಗಡಿಗಳೆಲ್ಲ ಮುಚ್ಚಿದ್ದವು. ಹೊಸಿಲಿನಾಚೆ ನಿಂತು, ಅಕ್ಕಪಕ್ಕದವರಿಗೂ ಕೇಳುವ ಹಾಗೆ ಹೇಳಿದೆ. "ಹೆತ್ತವಳು ಬಂದಿದೀನಿ. ನನ್ನ ಮಗಳನ್ನ ಕೊಡು."

ಅಕ್ಕ ಅಳುತ್ತಿದ್ದಳು. ಅಳುತ್ತಲೇ ಅಂದಳು, "ಇವತ್ತು ಯಾರ ಮಾತಿಗೂ ಬೆಲೆಯಿಲ್ಲ ಕಣೇ. ಬಾ, ಊಟ ಮಾಡ್ಕೊಂಡು ಹೋಗು."

ನನ್ನನ್ನು ಎತ್ತಿ ಆಡಿಸಿದವಳು! ಕಾಯಿಲೆಯಲ್ಲಿ ನನ್ನ ಕಫದ ಬಟ್ಟೆ ಒಗೆದವಳು! ಹೊರಗಿನವರು ಯಾರಾದರೂ ಮಾಡಿದ್ದರೆ ಇಷ್ಟು ಉರಿಯುತ್ತಿರಲಿಲ್ಲ. ಪುಟ್ಟಿ ಬಾಗಿಲ ಸಂದಿಯಿಂದ ನೋಡುತ್ತಿದ್ದಳು. ತಿರುಗಿ ಬಂದೆ.

ಗಾಳಿ 16, ಸಂಜೆ

ಬೆಳಿಗ್ಗೆ ನೋಂದಣಿ ಪುಸ್ತಕದಲ್ಲಿ ಮಗು ಸಾಕಿದವಳದೆಂದು ಬರೆದಾಯಿತಂತೆ. ಮೊಳೆಯಣ್ಣ ಬಂದು ಹೇಳಿ, ನಿಂತ ಕಾಲಲ್ಲೇ ಹೋದ. ಪಾಪ, ಅವನಿಗೂ ಮುಖ ತೋರಿಸಲು ಕಷ್ಟ.

ಆಮೇಲೆ ಪುಟ್ಟಿ ಬಂದಳು. ಒಬ್ಬಳೇ. ಎರಡು ಬೀದಿ ದಾಟಿ.

"ಚಿಕ್ಕಮ್ಮ, ಮೊನ್ನೆ ನೀನೇನೋ ಕೇಳಿದ್ಯಲ್ಲ, ಅದು ಲೆಕ್ಕಕ್ಕಿಲ್ವಂತೆ. ಇವತ್ತು ಲೆಕ್ಕಕ್ಕಿದೆ. ಇವತ್ತು ಕೇಳು."

ಕಾಗದಕ್ಕೆ ಇನ್ನು ಬೇಕಾಗಿಲ್ಲ, ಆದರೂ ಕೇಳಿದೆ. "ನನ್ನ ಜೊತೆ ಇಲ್ಲೇ ಇರ್ತೀಯೇನೇ, ಪುಟ್ಟಿ?"

"ಹೂಂ," ಅಂದಳು, ಒಂದು ಕ್ಷಣವೂ ಯೋಚಿಸದೆ. ಮಂಚದ ಮೇಲಿನ ಬಟ್ಟೆ ಸರಿಸಿ ಕೂತು ನೋಡಿದಳು. ಆಮೇಲೆ ಇಳಿದಳು. "ಇರು, ಅಮ್ಮನ್ನ ಒಂದ್ಮಾತು ಕೇಳ್ಕೊಂಡು ಬಂದ್ಬಿಡ್ತೀನಿ."

ಓಡಿದಳು.

ಒಂದು ಗಂಟೆಯಾಯಿತು. ಬಾಗಿಲು ತೆರೆದೇ ಇಟ್ಟಿದ್ದೇನೆ. ಅಮ್ಮ ಬೇಡ ಅಂದರೆ ಬರುವವಳಲ್ಲ. ಹೇಳಿದ ಮಾತು ಮೀರುವುದಿಲ್ಲ, ಸುಳ್ಳಾಡುವುದಿಲ್ಲ. ಚೆನ್ನಾಗಿಯೇ ಬೆಳೆಸಿದ್ದಾಳೆ ಅಕ್ಕ, ನನ್ನ ಮಗಳನ್ನು.