ಸ್ವೀಕೃತಿ ಮುದ್ರೆಯಿಲ್ಲದ ಹತ್ತೊಂಬತ್ತು ಭೇಟಿಗಳು

ಶಿಕ್ಷಕರ ಸೇವೆ ಖಾಯಂ ಮಾಡುವ ಕುರ್ಚಿಯಲ್ಲಿ ಕೂತಿರುವ ಮಾನ್ಯರೇ,

ನನ್ನ ಮಗಳು ಕಲ್ಯಾಣಿಯನ್ನು ನೀವು ಐದು ವರ್ಷದಿಂದ ಪರೀಕ್ಷಿಸುತ್ತಿದ್ದೀರಿ. ಗೌರಿಬಿದನೂರಿನ ಗಡಿ ಹಳ್ಳಿಯ ಸರ್ಕಾರಿ ಶಾಲೆಗೆ ಅವಳನ್ನು ಕಳಿಸಿದಾಗ, ಪ್ರೊಬೇಷನ್ ಎರಡು ವರ್ಷ ಎಂದು ಬರೆದುಕೊಟ್ಟವರು ನೀವೇ. ಅದು ಮುಗಿದು ಮೂರು ವರ್ಷವಾಯಿತು. ಅವಳ ಕೆಲಸ ತೃಪ್ತಿಕರವೋ ಅಲ್ಲವೋ ಎಂಬ ಒಂದು ಸಾಲು ನಿಮ್ಮ ಕಚೇರಿಯಿಂದ ಹೊರಟಿಲ್ಲ. ತೆಲುಗು ಮಾತ್ರ ಬಲ್ಲ ಮಕ್ಕಳು ಅವಳ ಹತ್ತಿರ ಕನ್ನಡ ಓದಲು ಕಲಿತು ಮುಂದಿನ ಶಾಲೆಗೆ ಹೋದರು. ಆ ಮಕ್ಕಳ ಅಂಕ ಕಳಿಸಲು ಒಂದು ವಾರ ತಡವಾದಾಗ ಅವಳಿಗೆ ನೋಟಿಸ್ ಬಂತು. ಮೂರು ವರ್ಷ ತಡಮಾಡಿದ ನಿಮಗೆ ನೋಟಿಸ್ ಕೊಡುವವರು ಯಾರು ಸ್ವಾಮಿ?

ನಾನು ಓದಿದ್ದು ಹತ್ತನೇ ತರಗತಿ. ದಿನಾ ಡೈರಿ ಬರೆಯುತ್ತೇನೆ. ಅದರ ಪ್ರಕಾರ ಕಲ್ಯಾಣಿ ಮತ್ತು ನನ್ನ ಯಜಮಾನರು ಬಯ್ಯಪ್ಪನವರು ನಿಮ್ಮ ಕಚೇರಿಗೆ ಹತ್ತೊಂಬತ್ತು ಸಲ ಬಂದಿದ್ದಾರೆ. ಮೊದಲು ಅವಳ ಅಂಕಪಟ್ಟಿ ಅಸಲಿಯೇ ಎಂಬ ನೈಜತಾ ವರದಿ ಬಂದಿಲ್ಲ ಎಂದರು. ಅದು ಬಂದಾಗ ಫೈಲು ನೋಡುವವರು ಬದಲಾಗಿದ್ದರು. ಮುಖ್ಯಶಿಕ್ಷಕರ ವರದಿ ಇನ್ನೊಮ್ಮೆ ತನ್ನಿ ಎಂದರು. ಅರ್ಜಿ ಬರೆದು ಕೊಡಲೇ ಎಂದು ಕಲ್ಯಾಣಿ ಕೇಳಿದ್ದಕ್ಕೆ ನಿಮ್ಮ ಸಿಬ್ಬಂದಿಯೊಬ್ಬರು ಎಷ್ಟು ಪ್ರೀತಿಯಿಂದ ಹೇಳಿದರು: "ಬಾಯಲ್ಲಿ ಹೇಳಿದ್ರಲ್ಲ ಮೇಡಂ, ಸಾಕು. ಬರೆದು ಕೊಟ್ರೆ ಅದೇ ಇನ್ನೊಂದು ಫೈಲಾಗಿ ಕೂತ್ಕೊಳುತ್ತೆ."

ನಾವು ನಂಬಿದೆವು. ನಮ್ಮ ಯಜಮಾನರಂತೂ ಬರೆದು ಕೇಳುವುದೇ ಅವಿಧೇಯತೆ ಎಂದುಕೊಂಡಿದ್ದರು. "ಎದುರು ಹಾಕ್ಕೋಬೇಡ ಕಣಮ್ಮ, ಅವರ ಪೆನ್ನಲ್ಲಿ ನಿನ್ ಕೆಲಸ ಐತೆ" ಎನ್ನುತ್ತಿದ್ದರು.

ಹೋದ ವರ್ಷ ಅವರಿಗೆ ಪಾರ್ಶ್ವವಾಯು ಹೊಡೆಯಿತು. ನಮ್ಮೂರಿಗೆ ಹತ್ತಿರವಾಗಲೆಂದು ಕಲ್ಯಾಣಿ ಚಿಂತಾಮಣಿ ಕಡೆಗೆ ವರ್ಗಾವಣೆ ಕೇಳಿದಳು. ಮೊದಲು ಖಾಯಂ ಆಗಲಿ ಎಂದು ಕಳಿಸಿದಿರಿ. ಪ್ರತಿ ಶನಿವಾರ ಮೂರು ಬಸ್ಸು ಬದಲಾಯಿಸಿ ಕೈವಾರಕ್ಕೆ ಬರುತ್ತಿದ್ದಳು. ಅವರು ತೀರಿಕೊಂಡದ್ದು ಬುಧವಾರ. ಅಂದಿನ ಡೈರಿಯಲ್ಲಿ ಇರುವುದು ಇಷ್ಟೇ: 'ಇವರು ಹೋದರು. ಕಲ್ಯಾಣಿ ಇನ್ನೂ ಶಿಡ್ಲಘಟ್ಟದ ಬಸ್‌ಸ್ಟ್ಯಾಂಡಿನಲ್ಲಿದ್ದಳು.' ಅವರ ಕಾಯಿಲೆಯನ್ನು ನಿಮ್ಮ ತಲೆಗೆ ಕಟ್ಟುವುದಿಲ್ಲ. ಮಗಳ ಕೈಯಿಂದ ಒಂದು ಗುಟುಕು ನೀರು ಕುಡಿಯದೆ ಹೋದರಲ್ಲ, ಅದಕ್ಕೆ ನೀವೇ ಹೊಣೆ.

ತಿಥಿ ಮುಗಿದ ಮೇಲೆ ಡೈರಿ ಹಿಡಿದು ಚಿಕ್ಕಬಳ್ಳಾಪುರದ ವಕೀಲರೊಬ್ಬರ ಬಳಿ ಹೋದೆ. ಪೂರ್ತಿ ಓದಿ ಆಕೆ ಕೇಳಿದರು: "ಹತ್ತೊಂಬತ್ತು ಸಲ ಹೋಗಿದ್ದೀರಮ್ಮ. ಅರ್ಜಿ ತಗೊಂಡ್ವಿ ಅಂತ ಒಂದು ಸೀಲಾದ್ರೂ ಇದೆಯಾ?" ಇರಲಿಲ್ಲ. ವರ್ಷ ಕಳೆದ ಮಾತ್ರಕ್ಕೆ ಕೆಲಸ ತಾನಾಗಿ ಖಾಯಂ ಆಗುವುದಿಲ್ಲವಂತೆ, ಆದೇಶ ಬೇಕಂತೆ. ಆದರೆ ತೀರ್ಮಾನ ಮಾಡದೆ ಕೂರುವ ಹಕ್ಕು ನಿಮಗೂ ಇಲ್ಲವಂತೆ. ಲಿಖಿತ ಮನವಿ ಕೊಟ್ಟು, ಉತ್ತರ ಬರದಿದ್ದರೆ, ಇಷ್ಟು ದಿನದೊಳಗೆ ನಿರ್ಧರಿಸಿ ಎಂದು ನಿಮಗೆ ಹೇಳಲು ಆಡಳಿತ ನ್ಯಾಯಮಂಡಳಿ ಇದೆಯಂತೆ. ಬರೆಯಬೇಡಿ ಎಂದು ನಿಮ್ಮವರು ಯಾಕೆ ಅಷ್ಟು ಪ್ರೀತಿಯಿಂದ ಹೇಳಿದ್ದರು ಎಂದು ಆಗ ತಿಳಿಯಿತು.

ಮನವಿಗೆ ಸಹಿ ಹಾಕುವಾಗ ಕಲ್ಯಾಣಿ, "ಅಪ್ಪ ಬೇಡ ಅಂದಿದ್ರಲ್ಲಮ್ಮ" ಎಂದಳು.

"ಅವರಿಗೂ ಗೊತ್ತಿರಲಿಲ್ಲ, ನಂಗೂ ಗೊತ್ತಿರಲಿಲ್ಲ ಕಣೇ. ಹಾಕು" ಎಂದೆ.

ಸೋಮವಾರ ಅದನ್ನು ನಾನೇ ತರುತ್ತೇನೆ. ಮೂವತ್ತು ದಿನದೊಳಗೆ ಆದೇಶ ಕೊಡಿ. ಅವಳು ಕೆಲಸಕ್ಕೆ ಬಾರದವಳು ಅನ್ನಿಸಿದರೆ ಅದನ್ನೂ ಕಾರಣ ಸಮೇತ ಬರೆದುಕೊಡಿ. ಇಲ್ಲವಾದರೆ ನ್ಯಾಯಮಂಡಳಿಯ ಮುಂದೆ ಸಿಗೋಣ. ಸೋಮವಾರ ಮಾತ್ರ, ನನ್ನ ಪ್ರತಿಯ ಮೇಲೆ ತಾರೀಖು ಹಾಕಿ ಸೀಲು ಒತ್ತುವವರೆಗೆ ನಾನು ನಿಮ್ಮ ಕಚೇರಿಯಿಂದ ಎದ್ದು ಹೋಗುವುದಿಲ್ಲ.

ಇಂತಿ,
ಬಾಯಲ್ಲಿ ಹೇಳಿ ಸಾಕಾದ
ರಾಮಲಕ್ಷ್ಮಮ್ಮ, ಕೈವಾರ